ವೇಷ ಹಾಕಿದ ಇತಿಹಾಸಕಾರ ‘ಬಹುಶಃ’ ಅನ್ನೋ ಮಾತನ್ನು ಎಲ್ಲಿಡಬೇಕು?

ನಿವೃತ್ತ ಟೀಚರ್:

ಹೈಸ್ಕೂಲಿನಲ್ಲಿ ಮೂವತ್ತೊಂದು ವರ್ಷ ಇತಿಹಾಸ ಕಲಿಸಿ ನಿವೃತ್ತಳಾದವಳು ನಾನು. ಮಗನ ಮನೆಗೆಂದು ಅಮೆರಿಕಕ್ಕೆ ಬಂದು ನಾಲ್ಕು ತಿಂಗಳಾಯಿತು. ಹೋದ ಶನಿವಾರ ಸಂಜೆ ನೋಡಿದ್ದು ಇನ್ನೂ ತಲೆಯಿಂದ ಇಳಿದಿಲ್ಲ. ಇತಿಹಾಸ ಓದಿಕೊಂಡವರೂ ರಂಗಭೂಮಿಯಲ್ಲಿ ಪಳಗಿದವರೂ ಇಲ್ಲಿದ್ದೀರಿ, ಅದಕ್ಕೇ ಕೇಳುತ್ತಿದ್ದೇನೆ.

ಇಲ್ಲಿನ ಪಾರ್ಕಿನಲ್ಲಿ ಡೇರೆ ಹಾಕಿ, ಥಾಮಸ್ ಜೆಫರ್ಸನ್ ಜೊತೆ ಒಂದು ಸಂಜೆ ಅಂತ ಬೋರ್ಡು ನಿಲ್ಲಿಸಿದ್ದರು. ಜೆಫರ್ಸನ್ ಅಂದರೆ ಅಮೆರಿಕದ ಸ್ವಾತಂತ್ರ್ಯ ಘೋಷಣೆ ಬರೆದವರು, ಅಲ್ಲಿನ ಮೂರನೇ ಅಧ್ಯಕ್ಷರು. ನಾಟಕವೇ ಇರಬೇಕು ಅಂದುಕೊಂಡೆ. ಬಂದವರು ಒಬ್ಬರೇ, ಅರವತ್ತರ ಆಸುಪಾಸು. ಮೊಣಕಾಲಿಗೆ ಗುಂಡಿ ಬಿಗಿದ ಚಲ್ಲಣ, ಬಿಳಿ ಕಾಲುಚೀಲ, ಉದ್ದ ಕೋಟು, ಕೆಂಚಿಗೆ ನರೆ ಬೆರೆತ ವಿಗ್. ಮಾತು ಎಷ್ಟು ಮೆಲ್ಲಗೆ ಅಂದರೆ ಹಿಂದಿನ ಸಾಲಿನವರು ಕಿವಿಗೆ ಕೈ ಒಡ್ಡಿ ಕೂತಿದ್ದರು. ನಲವತ್ತು ನಿಮಿಷ ‘ನಾನು’ ಅಂತಲೇ ಮಾತಾಡಿದರು. ಆಮೇಲೆ ಜನ ಪ್ರಶ್ನೆ ಕೇಳಬಹುದು, ಅವರು ಜೆಫರ್ಸನ್ ಆಗಿಯೇ ಉತ್ತರ ಕೊಡಬೇಕು.

ಏಳೆಂಟು ವರ್ಷದ ಹುಡುಗಿಯೊಬ್ಬಳು ಎದ್ದು, ‘ನಿಮ್ಮ ಹೆಂಡತಿ ಸತ್ತುಹೋದಾಗ ನಿಮಗೆ ಹೇಗನ್ನಿಸಿತು?’ ಅಂದಳು. ಅವರು ಉತ್ತರ ಕೊಡಲಿಲ್ಲ. ಕೈಯಲ್ಲಿದ್ದ ಕನ್ನಡಕ ಮಡಚಿ ಮೇಜಿನ ಮೇಲಿಟ್ಟರು. ವೇದಿಕೆಯ ಈ ತುದಿಯಿಂದ ಆ ತುದಿಗೆ ನಡೆದರು, ತಿರುಗಿದರು, ಮತ್ತೆ ನಡೆದರು. ಹಲಗೆಯ ಮೇಲಿನ ಬೂಟಿನ ಸದ್ದು ಬಿಟ್ಟರೆ ಡೇರೆಯಲ್ಲಿ ಬೇರೇನೂ ಕೇಳಿಸುತ್ತಿರಲಿಲ್ಲ. ನಾಲ್ಕನೇ ಸಲ ತಿರುಗಿದಾಗ, ‘ನನ್ನ ದೊಡ್ಡ ಮಗಳನ್ನು ಕೇಳು ಮಗೂ, ಅವಳು ನೋಡಿದ್ದಾಳೆ’ ಅಂದರು. ಅಷ್ಟೇ.

ಕೊನೆಯ ಭಾಗದಲ್ಲಿ ವಿಗ್ ತೆಗೆದು ತೊಡೆಯ ಮೇಲಿಟ್ಟುಕೊಂಡು ಕೂತರು. ಕಾಲೇಜಿನಲ್ಲಿ ಇತಿಹಾಸ ಕಲಿಸುತ್ತಿದ್ದವರಂತೆ. ಮೊದಲು ಆ ಹುಡುಗಿಯನ್ನೇ ಕಣ್ಣಲ್ಲಿ ಹುಡುಕಿ ಹೇಳಿದರು: ಮಾರ್ಥಾ ತೀರಿಕೊಂಡದ್ದು 1782ರ ಸೆಪ್ಟೆಂಬರ್‌ನಲ್ಲಿ. ಗಂಡ ಹೆಂಡತಿ ಬರೆದುಕೊಂಡ ಪತ್ರಗಳು ನಮ್ಮ ಕೈಗೆ ಸಿಕ್ಕಿಲ್ಲ, ಬಹುಶಃ ಜೆಫರ್ಸನ್ನರೇ ಸುಟ್ಟುಹಾಕಿದರು. ಅಪ್ಪ ಮೂರು ವಾರ ಕೋಣೆ ಬಿಟ್ಟು ಬರಲಿಲ್ಲ, ಹಗಲೂ ರಾತ್ರಿ ಅಡ್ಡಾಡುತ್ತಲೇ ಇದ್ದರು ಅಂತ ಮಗಳು ಎಷ್ಟೋ ವರ್ಷಗಳ ನಂತರ ಬರೆದಿಟ್ಟಳು. ‘ನನಗೆ ಗೊತ್ತಿರುವುದು ಆ ನಡಿಗೆ ಮಾತ್ರ. ಅದಕ್ಕೇ ನಡೆದೆ.’

ನಾನೂ ಒಂದು ಕೇಳಿದ್ದೆ. ಮನುಷ್ಯರೆಲ್ಲ ಸಮಾನರು ಅಂತ ಬರೆದವರು ಗುಲಾಮರನ್ನು ಹೇಗೆ ಇಟ್ಟುಕೊಂಡಿರಿ ಅಂತ. ಜೆಫರ್ಸನ್ ಆಗಿ ಅವರು 1820ರ ಪತ್ರದ ಮಾತನ್ನೇ ಹೇಳಿದರು: ನಾವು ತೋಳದ ಕಿವಿ ಹಿಡಿದಿದ್ದೇವೆ, ಹಿಡಿದುಕೊಂಡೇ ಇರಲೂ ಆಗದು, ನಿರ್ಭಯವಾಗಿ ಬಿಡಲೂ ಆಗದು. ಎಷ್ಟು ನಯವಾಗಿ ಹೇಳಿದರೆಂದರೆ ಪಕ್ಕದವರು ತಲೆದೂಗಿದರು. ನನಗೆ ಮೈ ಉರಿಯಿತು. ವಿಗ್ ತೆಗೆದ ಮೇಲೆ ಅದೇ ಮನುಷ್ಯ, ಅದೇ ದನಿಯಲ್ಲಿ, ಜೀವಮಾನದಲ್ಲಿ ಅವರ ಒಡೆತನದಲ್ಲಿದ್ದವರು 600ಕ್ಕೂ ಹೆಚ್ಚು ಜನ, ಬದುಕಿದ್ದಾಗ ಬಿಡುಗಡೆ ಮಾಡಿದ್ದು ಇಬ್ಬರನ್ನು, ಉಯಿಲಿನಲ್ಲಿ ಐವರನ್ನು, ಸತ್ತ ಆರೇ ತಿಂಗಳಿಗೆ 1827ರ ಜನವರಿಯಲ್ಲಿ ಸಾಲ ತೀರಿಸಲು 130 ಜನರನ್ನು ಹರಾಜಿಗಿಟ್ಟರು ಅಂದರು.

ಕ್ಲಾಸಿನಲ್ಲಿ ನಾನು ದಿನಕ್ಕೆ ಹತ್ತು ಸಲ ‘ಬಹುಶಃ’ ಅನ್ನುತ್ತಿದ್ದೆ. ‘ಬಹುಶಃ ನನಗೆ ದುಃಖವಾಯಿತು’ ಅಂತ ಯಾವ ಪಾತ್ರವೂ ಹೇಳುವುದಿಲ್ಲವಲ್ಲ. ವೇಷ ಹಾಕಿದ ಮೇಲೆ ಇತಿಹಾಸಕಾರ ಆ ಮಾತನ್ನು ಎಲ್ಲಿಡುತ್ತಾನೆ?

ಬಣ್ಣದ ಪೆಟ್ಟಿಗೆ:

ಟೀಚರ್, ನಲವತ್ತು ವರ್ಷ ಹವ್ಯಾಸಿ ತಂಡಗಳಿಗೆ ಬಣ್ಣ ಹಚ್ಚಿದವನು ನಾನು, ಆ ಕಡೆಯಿಂದ ಹೇಳ್ತೀನಿ. ನೀವು ಹೇಳಿದ ಮೆಲುದನಿ ಅಭಿನಯದ ದೋಷ ಅಲ್ಲ. ಜೆಫರ್ಸನ್ ದನಿ ಕ್ಷೀಣವಾಗಿತ್ತು, ಅಧ್ಯಕ್ಷನಾಗಿದ್ದ ಎಂಟು ವರ್ಷದಲ್ಲಿ ಜನರೆದುರು ಭಾಷಣ ಅಂತ ಮಾಡಿದ್ದು ಎರಡೂ ಪ್ರಮಾಣವಚನದ ದಿನ. ಸಂಸತ್ತಿಗೆ ಹೇಳೋದನ್ನ ಬರೆದು ಕಳಿಸ್ತಿದ್ದರು. ಕಸುಬಿನ ನಟನಾಗಿದ್ದರೆ ಕೊನೇ ಸಾಲಿಗೆ ಕೇಳಿಸಬೇಕು ಅಂತ ದನಿ ಏರಿಸ್ತಿದ್ದ. ನಮಗೆ ಮೊದಲ ದಿನ ಕಲಿಸೋ ಪಾಠವೇ ಅದು. ಇವರು ಏರಿಸಲಿಲ್ಲ. ಪಾಂಡಿತ್ಯ ಗಂಟಲಿಗೆ ಇಳಿದಿದೆ.

ಲಿಂಕನ್ ಇನ್ನೂ ಕಷ್ಟ. ಅಷ್ಟೆತ್ತರದ ಆಳು, ದನಿ ಮಾತ್ರ ಕೀಚಲು ಅಂತ ಅವರ ವಕೀಲಿ ಜೊತೆಗಾರ ಹರ್ನ್‌ಡನ್ ಬರೆದಿದ್ದಾರೆ. ಜನಕ್ಕೆ ಬೇಕಿರೋದು ಗಂಭೀರ ಕಂಠ. ವಾಷಿಂಗ್ಟನ್ ಪಾತ್ರ ಮಾಡೋರು ಹಲ್ಲಿನ ಕಡೆ ನೋಡಬೇಕು: 1789ರಲ್ಲಿ ಅಧ್ಯಕ್ಷರಾದಾಗ ಸ್ವಂತದ್ದು ಅಂತ ಇದ್ದದ್ದು ಒಂದೇ ಹಲ್ಲು. ಮರದ ಹಲ್ಲು ಅನ್ನೋದು ಕಟ್ಟುಕತೆ. ನೀರಾನೆ ದಂತ, ಮನುಷ್ಯರ ಹಲ್ಲು, ಲೋಹ ಸೇರಿಸಿ ಮಾಡಿದ್ದು. ಅಂಥಾ ಕಟ್ಟು ಬಾಯಲ್ಲಿಟ್ಟುಕೊಂಡ ಮನುಷ್ಯ ಬಾಯ್ತುಂಬ ನಗ್ತಾನಾ? ಉದ್ದುದ್ದ ಮಾತಾಡ್ತಾನಾ? ಒಂದು ಹಲ್ಲಿನ ಸೆಟ್ಟಿಂದ ಇಡೀ ಪಾತ್ರದ ನಡವಳಿಕೆ ಹುಟ್ಟುತ್ತೆ. ನಟನಿಗೆ ಇದು ಸಿಕ್ಕರೆ ಹಬ್ಬ. ಆದ್ರೆ ಹುಡುಕಿ ಕೊಡೋನು ಇತಿಹಾಸಕಾರ.

ಹೀಗಂತ ಓದಿದವರೆಲ್ಲ ನಟರಾಗಲ್ಲ. ಪ್ರೊಫೆಸರುಗಳನ್ನ ವೇದಿಕೆ ಮೇಲೆ ನೋಡಿದ್ದೀನಿ: ಕೈ ಎಲ್ಲಿಡಬೇಕು ಗೊತ್ತಾಗಲ್ಲ, ಬೋರ್ಡಿಗೆ ಬೆರಳು ತೋರಿಸೋ ಅಭ್ಯಾಸ ಬಿಡಲ್ಲ, ಒಂದು ವಾಕ್ಯಕ್ಕೆ ಮೂರು ಇಸವಿ ಹೇಳ್ತಾರೆ. ತಾನು ಹುಟ್ಟಿದ ಇಸವಿ ಹೇಳಿಕೊಂಡು ಓಡಾಡೋ ಮನುಷ್ಯ ಯಾರಿದ್ದಾರೆ?

ಕಡತದ ಧೂಳು:

ಪತ್ರಾಗಾರದಲ್ಲಿ ಕೆಲಸ ಮಾಡುವವನು ನಾನು. ಟೀಚರ್ ನೋಡಿದ ಪದ್ಧತಿಗೆ ಅಲ್ಲಿ ಷಟಾಕ್ವಾ ಅನ್ನುತ್ತಾರೆ. 1874ರಲ್ಲಿ ನ್ಯೂಯಾರ್ಕ್ ರಾಜ್ಯದ ಷಟಾಕ್ವಾ ಸರೋವರದ ದಂಡೆಯಲ್ಲಿ ಭಾನುವಾರದ ಶಾಲೆಯ ಶಿಕ್ಷಕರ ಶಿಬಿರವಾಗಿ ಶುರುವಾದದ್ದು. 20ನೇ ಶತಮಾನದ ಆರಂಭದಲ್ಲಿ ಅದೇ ಹೆಸರಲ್ಲಿ ಡೇರೆಗಳು ಊರೂರು ತಿರುಗಿದವು. ಉಪನ್ಯಾಸ, ಸಂಗೀತ, ನಾಟಕ ಎಲ್ಲ ಅದರೊಳಗೆ. ರೇಡಿಯೋ, ಸಿನಿಮಾ, ಆರ್ಥಿಕ ಕುಸಿತ ಬಂದು ನಿಂತುಹೋಯಿತು. 1970ರ ದಶಕದಲ್ಲಿ ನಾರ್ತ್ ಡಕೋಟಾದಲ್ಲಿ ಡೇರೆ ಮತ್ತೆ ಎದ್ದಾಗ ವಿದ್ವಾಂಸರೇ ವೇಷ ಹಾಕುವ ರೂಪ ಬೆಳೆಯಿತು. ಆ ರಾಜ್ಯದವರೇ ಆದ ಕ್ಲೇ ಜೆಂಕಿನ್‌ಸನ್ ಈ ದಾರಿಯ ದೊಡ್ಡ ಹೆಸರು. ಜೆಫರ್ಸನ್ ಅಲ್ಲದೆ ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್, ಅಣುಬಾಂಬಿನ ವಿಜ್ಞಾನಿ ಓಪನ್‌ಹೈಮರ್, ಅನ್ವೇಷಕ ಮೆರಿವೆದರ್ ಲೂಯಿಸ್ ಕೂಡ ಆಗಿದ್ದಾರೆ.

ಟೀಚರ್ ಕಂಡ ಮೂರು ಹಂತಗಳೇ ಈ ಪದ್ಧತಿಯ ಜೀವ. ಮೊದಲು ‘ನಾನು’ ಎಂದು ಮಾತು. ನಂತರ ‘ನಾನು’ ಆಗಿಯೇ ಉತ್ತರ. ಕೊನೆಗೆ ‘ಅವನು’ ಎಂದು ವಿಚಾರಣೆ. ನಮ್ಮ ವ್ಯಾಕರಣದಲ್ಲಿ ‘ನಾನು’ ಉತ್ತಮ ಪುರುಷ, ‘ಅವನು’ ಪ್ರಥಮ ಪುರುಷ. ಒಂದೇ ಸಂಜೆಯಲ್ಲಿ ಒಬ್ಬನೇ ಎರಡೂ ಪುರುಷದಲ್ಲಿ ಮಾತಾಡಬೇಕು, ಜನರ ಕಣ್ಣೆದುರೇ ದಾಟಬೇಕು. ಆ ಮೂರನೇ ಹಂತವನ್ನು ಸಮಯವಿಲ್ಲ ಅಂತ ಕೈಬಿಡುವ ಕಾರ್ಯಕ್ರಮಗಳ ಬಗ್ಗೆ ನನಗೆ ಗೌರವ ಇಲ್ಲ. ಅದಿಲ್ಲದಿದ್ದರೆ ಟೀಚರ್ ಪಕ್ಕದವರು ತಲೆದೂಗಿಕೊಂಡೇ ಮನೆಗೆ ಹೋಗುತ್ತಿದ್ದರು.

ಇತಿಹಾಸಕಾರ ನಟನಾಗುವುದು ತನ್ನ ಕೆಲಸ ಬಿಟ್ಟು ಹೋಗುವುದು ಅಂತ ನಾನು ಒಪ್ಪುವುದಿಲ್ಲ. ಇತಿಹಾಸದ ಬಗ್ಗೆ ಬರೆದ ಇಂಗ್ಲಿಷ್ ತತ್ವಜ್ಞಾನಿ ಕಾಲಿಂಗ್‌ವುಡ್ ಹೇಳಿದ್ದೇ ಅದು: ಹಿಂದಿನವರ ಆಲೋಚನೆಯನ್ನು ತನ್ನ ಮನಸ್ಸಿನಲ್ಲಿ ಮತ್ತೆ ನಡೆಸಿ ನೋಡುವುದೇ ಇತಿಹಾಸಕಾರನ ಕೆಲಸ. ಅವರು ತೀರಿಕೊಂಡ ಮೇಲೆ 1946ರಲ್ಲಿ ಆ ಬರಹಗಳು ಪುಸ್ತಕವಾದವು. ಮನಸ್ಸಿನಲ್ಲಿ ನಡೆಸುವುದನ್ನು ಇವರು ಕಾಲಿನಲ್ಲಿ ನಡೆಸಿ ತೋರಿಸಿದ್ದಾರೆ, ಆ ಹುಡುಗಿಗೆ ಕೊಟ್ಟ ಉತ್ತರದಲ್ಲಿ.

‘ಬಹುಶಃ’ ಬಗ್ಗೆ ನನಗೆ ನೆನಪಾಗುವುದು ಇತಿಹಾಸಕಾರ್ತಿ ನಟಾಲಿ ಜೆಮನ್ ಡೇವಿಸ್. 16ನೇ ಶತಮಾನದ ಫ್ರಾನ್ಸಿನ ಹಳ್ಳಿಯೊಂದರಲ್ಲಿ ಆರ್ನೋ ದ್ಯು ತಿಲ್ ಎಂಬವನು ಊರು ಬಿಟ್ಟುಹೋಗಿದ್ದ ಮಾರ್ಟಿನ್ ಗೇರ್ ತಾನೇ ಅಂತ ಬಂದು, ಅವನ ಹೆಂಡತಿಯ ಜೊತೆ ವರ್ಷಗಟ್ಟಲೆ ಸಂಸಾರ ಮಾಡಿದ. ವಿಚಾರಣೆ ನಡೆಯುತ್ತಿರುವಾಗಲೇ ನಿಜವಾದ ಮಾರ್ಟಿನ್ ವಾಪಸು ಬಂದ, 1560ರಲ್ಲಿ ಆರ್ನೋಗೆ ಗಲ್ಲಾಯಿತು. ಈ ಕತೆಯ ಸಿನಿಮಾಗೆ ಡೇವಿಸ್ ಸಲಹೆಗಾರರಾಗಿದ್ದರು. ಆರ್ನೋ ಪಾತ್ರಕ್ಕೆ ನಟ ಜೆರಾರ್ ದೆಪಾರ್ದ್ಯು ತಡಕಾಡುತ್ತ ಇಳಿಯುವುದನ್ನು ನೋಡಿದ್ದು, ಅಸಲಿ ವೇಷಧಾರಿ ಸಾಧಿಸಿದ್ದು ಏನು ಅಂತ ಹೊಸದಾಗಿ ಯೋಚಿಸಲು ದಾರಿ ಕೊಟ್ಟಿತು ಅಂತ ಅವರೇ ಬರೆದಿದ್ದಾರೆ. ಜೊತೆಗೆ, ‘ಬಹುಶಃ’ಗಳಿಗೆ ಸಿನಿಮಾದಲ್ಲಿ ಜಾಗವಿಲ್ಲ ಅನ್ನುವುದು ಅವರನ್ನು ಕಾಡಿತು. 1983ರಲ್ಲಿ ಅದೇ ಕತೆಯನ್ನು ಇತಿಹಾಸವಾಗಿ ಬರೆದು ಪ್ರಕಟಿಸಿದರು.

ತೆಂಕುತಿಟ್ಟು:

ನಮ್ಮ ತಾಳಮದ್ದಳೆಯ ಅರ್ಥಧಾರಿಗಳು ಮಾಡುವುದೂ ಇದೇ ಜಾತಿಯ ಕೆಲಸವಲ್ಲವೇ? ವೇಷವಿಲ್ಲ, ಬಾಯಿಪಾಠದ ಸಂಭಾಷಣೆ ಇಲ್ಲ, ಓದಿನ ಬಲದ ಮೇಲೆ ಕೂತಲ್ಲೇ ಕರ್ಣನಾಗಬೇಕು, ಎದುರಾಳಿ ಎಸೆದ ಪ್ರಶ್ನೆಗೆ ಕರ್ಣನಾಗಿಯೇ ಉತ್ತರಿಸಬೇಕು. ವ್ಯತ್ಯಾಸ ನನಗೆ ಕಾಣುವುದು ಒಂದೇ ಕಡೆ. ಅರ್ಥಧಾರಿ ಕರ್ಣನ ಮನಸ್ಸಿಗೆ ಹೊಸ ಕಾರಣ ಹುಟ್ಟಿಸಿದರೆ ಸಭೆ ಭೇಷ್ ಅನ್ನುತ್ತದೆ. ಜೆಫರ್ಸನ್ನಿಗೆ ಹೊಸ ಕಾರಣ ಹುಟ್ಟಿಸಿದರೆ ಅದು ಸುಳ್ಳು ಸಾಕ್ಷಿ. ಆ ಹಗ್ಗ ಕಟ್ಟಿಕೊಂಡೂ ಆಶುಭಾಷಣ ಮಾಡುವವರ ಶ್ರಮ ದೊಡ್ಡದು.

ಕಾವೇರಿಮಗಳು:

ಎಲ್ಲರೂ ನಟನ ಕೌಶಲದ ಬಗ್ಗೆ ಮಾತಾಡ್ತಿದ್ದೀರಿ. ನನಗೆ ಟೀಚರ್‌ಗೆ ಬಂದ ಸಿಟ್ಟೇ ಮುಖ್ಯ ಅನ್ನಿಸ್ತು. ಜೆಫರ್ಸನ್ ಹತ್ತೊಂಬತ್ತು ಸಾವಿರದಷ್ಟು ಪತ್ರ ಬರೆದ ಮನುಷ್ಯ. ಅವರ ವೇಷ ಹಾಕೋರಿಗೆ ಮಾತಿನ ಬರ ಇಲ್ಲ. ಅದೇ ಮನೆಯಲ್ಲಿ ಅವರ ಗುಲಾಮಳಾಗಿ, ಅವರ ಮಕ್ಕಳ ತಾಯಿಯಾಗಿ ಸ್ಯಾಲಿ ಹೆಮಿಂಗ್ಸ್ ಇದ್ದಳು. ಅವಳದ್ದು ಅಂತ ಗೊತ್ತಿರೋ ಒಂದು ಚಿತ್ರ ಇಲ್ಲ, ಕೈಬರಹದ ಒಂದು ಸಾಲೂ ಇಲ್ಲ. 1787ರಲ್ಲಿ ಹದಿನಾಲ್ಕರ ಹುಡುಗಿಯಾಗಿ ಪ್ಯಾರಿಸ್‌ಗೆ ಹೋದಳು. ಅಲ್ಲೇ ಉಳಿದಿದ್ರೆ ಗುಲಾಮಗಿರಿ ಇಲ್ಲ. ಹುಟ್ಟೋ ಮಕ್ಕಳಿಗೆ ಬಿಡುಗಡೆ ಕೊಡ್ತೀನಿ ಅಂತ ಜೆಫರ್ಸನ್ ಮಾತು ಕೊಟ್ಟ ಮೇಲೆ ವಾಪಸು ಬಂದಳು ಅಂತ ಮಗ ಮ್ಯಾಡಿಸನ್ 1873ರಲ್ಲಿ ಓಹಾಯೋದ ಪತ್ರಿಕೆಯೊಂದಕ್ಕೆ ಹೇಳಿದ. ಅವನ ಮಾತನ್ನ ನೂರು ವರ್ಷಕ್ಕೂ ಮೇಲೆ ಹೆಚ್ಚಿನ ಇತಿಹಾಸಕಾರರು ನಂಬಲೇ ಇಲ್ಲ. ಸ್ಯಾಲಿಯ ವಂಶಕ್ಕೂ ಜೆಫರ್ಸನ್ ಮನೆತನಕ್ಕೂ ನಂಟು ತೋರಿಸಿದ 1998ರ ಡಿಎನ್‌ಎ ಪರೀಕ್ಷೆ ಆದ ಮೇಲಷ್ಟೇ ದನಿ ಬದಲಾಯ್ತು.

ಕಾಗದ ಇದ್ದೋನಿಗೆ ವೇದಿಕೆ, ಕಾಗದ ಇಲ್ಲದೋಳು ಮತ್ತೊಮ್ಮೆ ಮೂಕಿ. ಈ ಪದ್ಧತಿ ಎಷ್ಟೇ ಪ್ರಾಮಾಣಿಕವಾಗಿದ್ರೂ ಪತ್ರಾಗಾರದ ಅನ್ಯಾಯವನ್ನೇ ಮೈಕ್ ಹಿಡಿದು ಹೇಳಿದ ಹಾಗಾಗುತ್ತೆ. ಸ್ಯಾಲಿ ಪಾತ್ರ ಮಾಡೋಳಿಗೆ ‘ಬಹುಶಃ’ ಬಿಟ್ಟರೆ ಇನ್ನೇನಿದೆ?

ಕಡತದ ಧೂಳು:

ಕಾವೇರಿಯವರೇ, ನಿಮ್ಮ ಮಾತಿಗೆ ತಕರಾರಿಲ್ಲ. ಒಂದು ಘಟನೆ ಮಾತ್ರ ಸೇರಿಸುತ್ತೇನೆ. ವರ್ಜೀನಿಯಾದ ಕಲೋನಿಯಲ್ ವಿಲಿಯಮ್ಸ್‌ಬರ್ಗ್‌ನಲ್ಲಿ 18ನೇ ಶತಮಾನದ ಊರನ್ನೇ ಮರಳಿ ಕಟ್ಟಿ, ಆ ಕಾಲದ ವೇಷದವರನ್ನು ಬೀದಿಯಲ್ಲಿ ನಿಲ್ಲಿಸಿದ್ದಾರೆ. 1994ರ ಅಕ್ಟೋಬರ್ 10ರಂದು ಅಲ್ಲಿ ಗುಲಾಮರ ಹರಾಜನ್ನು ಅಭಿನಯಿಸಿದರು. ಅದನ್ನು ಮುನ್ನಡೆಸಿದ್ದು ಅಲ್ಲಿನ ಆಫ್ರಿಕನ್ ಅಮೆರಿಕನ್ ವಿಭಾಗದ ಮುಖ್ಯಸ್ಥೆ ಕ್ರಿಸ್ಟಿ ಕೋಲ್ಮನ್. ಹರಾಜಾಗುವವರ ಸಾಲಿನಲ್ಲಿ ತಾವೇ ನಿಂತರು. ನೋವನ್ನು ಪ್ರದರ್ಶನಕ್ಕಿಡುತ್ತೀರಿ ಅಂತ ಕಪ್ಪು ಜನರ ಹಕ್ಕುಗಳಿಗಾಗಿ ಹೋರಾಡುವ ಸಂಘಟನೆ ಎನ್‌ಎಎಸಿಪಿ ಕಡೆಯಿಂದ ಪ್ರತಿಭಟನೆ ಆಯಿತು. ವಿರೋಧಿಸಲು ಬಂದಿದ್ದ ಮುಖಂಡರಲ್ಲೊಬ್ಬರು ಕೊನೆತನಕ ನೋಡಿ ಅಭಿಪ್ರಾಯ ಬದಲಿಸಿಕೊಂಡರು. ಪುಸ್ತಕದಲ್ಲಿ ಒಂದು ಸಾಲಾಗಿದ್ದ ಸಂಗತಿಗೆ ಅಲ್ಲಿ ಮುಖ ಬಂದಿತ್ತು.

ಕಾವೇರಿಮಗಳು:

ನಿಂತವರು ಅವರೇ ಅನ್ನೋದು ಮುಖ್ಯ, ಸರ್. ಬೇರೆಯವರನ್ನ ನಿಲ್ಲಿಸಿದ್ದಿದ್ರೆ ನಾನೂ ಆವತ್ತು ಪ್ರತಿಭಟನೆಯ ಕಡೆ ಇರ್ತಿದ್ದೆ.

ಫಿಲಡೆಲ್ಫಿಯಾ ಸೊಸೆ:

ಈ ಚರ್ಚೆ ನನಗೆ ಸರಿಯಾದ ಹೊತ್ತಿಗೆ ಸಿಕ್ಕಿದೆ. ಇಲ್ಲಿ ವೈದ್ಯಕೀಯ ಇತಿಹಾಸ ಓದಿ ಸಂಶೋಧನೆ ಮಾಡುತ್ತಿದ್ದೇನೆ. ಮುಂದಿನ ತಿಂಗಳು ಒಂದು ಶಾಲೆಯಲ್ಲಿ ಮೊದಲ ಸಲ ಆನಂದಿಬಾಯಿ ಜೋಶಿ ಆಗಿ ನಿಲ್ಲಬೇಕು. 1886ರಲ್ಲಿ ಇದೇ ಊರಿನ ಮಹಿಳಾ ವೈದ್ಯಕೀಯ ಕಾಲೇಜಿನಲ್ಲಿ ಪದವಿ ಪಡೆದ ಭಾರತದ ಹೆಣ್ಣುಮಗಳು ಆನಂದಿಬಾಯಿ. ಆಗ ಅವರಿಗೆ ಇಪ್ಪತ್ತು ದಾಟಿ ಇಪ್ಪತ್ತೊಂದು ತುಂಬುತ್ತಿತ್ತು. ನನಗೆ ನಲವತ್ತಮೂರು. ಇದು ಮೊದಲ ಭಯ.

ಎರಡನೆಯದು ಗಂಡ ಗೋಪಾಲರಾವ್. ಓದಿಸಿದವರು ಅವರೇ. ಹದಿನಾಲ್ಕರಲ್ಲಿ ಹೆತ್ತ ಕೂಸು ಹತ್ತೇ ದಿನಕ್ಕೆ ಹೋದ ಮೇಲೆ ವೈದ್ಯೆಯಾಗುವ ಹಟಕ್ಕೆ ಬೆನ್ನಾಗಿ ನಿಂತವರೂ ಅವರೇ. ಎಳೆವಯಸ್ಸಿನಲ್ಲಿ ಸೌದೆ ಚೂರಿನಿಂದ ಹೊಡೆದವರು, ಕುರ್ಚಿ ಪುಸ್ತಕ ಎಸೆದವರೂ ಅವರೇ ಅಂತ ಆನಂದಿಬಾಯಿ ಗಂಡನಿಗೇ ಪತ್ರ ಬರೆದಿದ್ದಾರೆ. ಅದೇ ಪತ್ರದಲ್ಲಿ, ನೀವು ನನ್ನನ್ನು ನಡೆಸಿಕೊಂಡದ್ದು ಒಳ್ಳೆಯದೋ ಕೆಟ್ಟದ್ದೋ ತೀರ್ಮಾನಿಸುವುದು ಕಷ್ಟ ಅನ್ನುತ್ತಾರೆ. ಮಕ್ಕಳು ಗಂಡನ ಬಗ್ಗೆ ಕೇಳಿಯೇ ಕೇಳುತ್ತಾರೆ. ಏನು ಹೇಳಲಿ?

ಬಣ್ಣದ ಪೆಟ್ಟಿಗೆ:

ವಯಸ್ಸಿಗೆ ಹೆದರಬೇಡಿ ತಂಗಿ. ಅಮೆರಿಕದ ನಟ ಹಾಲ್ ಹೋಲ್‌ಬ್ರುಕ್ ಲೇಖಕ ಮಾರ್ಕ್ ಟ್ವೇನ್ ಪಾತ್ರ ಶುರುಮಾಡಿದ್ದು 1954ರಲ್ಲಿ, ಇಪ್ಪತ್ತೊಂಬತ್ತರ ಪ್ರಾಯದಲ್ಲಿ. ಎಪ್ಪತ್ತರ ಮುದುಕ ಆಗೋಕೆ ಬಣ್ಣಕ್ಕೇ ಮೂರು ಗಂಟೆಗೂ ಹೆಚ್ಚು. 2017ರಲ್ಲಿ ನಿಲ್ಲಿಸಿದಾಗ ಟ್ವೇನ್ ಬದುಕಿದ್ದ ಎಪ್ಪತ್ತನಾಲ್ಕು ವರ್ಷ ದಾಟಿ ಎಷ್ಟೋ ಮುಂದೆ ಬಂದಿದ್ದರು. ಅವರು ನಿಮಗೆ ತಿರುವುಮುರುವು, ನಟನಾಗಿ ಹೊರಟು ಟ್ವೇನ್ ಬರಹದ ಪಂಡಿತರಾದವರು. ಚಿಕ್ಕವಳಾಗಿ ಕಾಣೋಕೆ ಒದ್ದಾಡಬೇಡಿ. ಬಣ್ಣ ಬಳಿದು ಎಳೆಯವರಾಗೋದು ವೇದಿಕೆ ಮೇಲೆ ಎಂದೂ ಒಪ್ಪಲ್ಲ. 1885ರ ಫೋಟೋ ಇದೆಯಲ್ಲ, ಜಪಾನಿನ ಓಕಾಮಿ, ಸಿರಿಯಾದ ಇಸ್ಲಾಂಬೂಲಿ ಜೊತೆ ಸೀರೆಯಲ್ಲಿ ಕೂತಿರೋದು. ಅದರಲ್ಲಿ ಬೆನ್ನು, ಭುಜ, ಕೈ ಹೇಗಿದೆ ನೋಡಿ ಹಾಗೆ ಕೂತು ಅಭ್ಯಾಸ ಮಾಡಿ. ಸೆರಗು ಸರಿಮಾಡ್ಕೊಳ್ಳೋ ನಿಮ್ಮ ಇವತ್ತಿನ ಅಭ್ಯಾಸ ಬರದ ಹಾಗೆ ನೋಡ್ಕೊಳ್ಳಿ.

ಇನ್ನೊಂದು: ನಿಮಗೆ ವಿಗ್ ಇಲ್ಲ. ಪಾತ್ರದಿಂದ ಹೊರಗೆ ಬಂದ್ರಿ ಅಂತ ಮಕ್ಕಳಿಗೆ ಕಣ್ಣಿಗೆ ಕಾಣೋ ಗುರುತು ಬೇಕು.

ನಿವೃತ್ತ ಟೀಚರ್:

ಮಗಳೇ, ಗಂಡನ ಬಗ್ಗೆ ಕೇಳಿದರೆ ಪತ್ರದ ಮಾತನ್ನು ಬಿಟ್ಟು ಬೇರೇನೂ ಹೇಳಬೇಡ. ಹೊಡೆತವನ್ನೂ ಹೇಳು, ‘ತೀರ್ಮಾನಿಸುವುದು ಕಷ್ಟ’ ಅನ್ನುವುದನ್ನೂ ಹೇಳು. ಇಲ್ಲಿ ‘ಬಹುಶಃ’ ಆನಂದಿಯದ್ದೇ ಮಾತು, ನೀನು ಸೇರಿಸಬೇಕಾದ್ದಿಲ್ಲ.

ಕಾವೇರಿಮಗಳು:

ಟೀಚರ್, ಇದೊಂದನ್ನ ನಾನು ಒಪ್ಪಲ್ಲ. ಕೇಳ್ತಿರೋರು ಮಕ್ಕಳು. ಹೊಡೆದ ಗಂಡನ ಬಗ್ಗೆ ‘ಕಷ್ಟ’ ಅಂತ ಪಾತ್ರದ ಬಾಯಲ್ಲಿ ಕೇಳಿ, ಆಮೇಲೆ ಯಾರೂ ಏನೂ ಹೇಳದೆ ಹೋದರೆ ಅವರು ಅದನ್ನೇ ಮನೆಗೆ ಹೊತ್ತುಕೊಂಡು ಹೋಗ್ತಾರೆ. ಪಾತ್ರದಿಂದ ಹೊರಬಂದು, ಸಂಶೋಧಕಿಯಾಗಿ, ಅದು ಹಿಂಸೆ ಅಂತ ಸ್ಪಷ್ಟವಾಗಿ ಹೇಳಬೇಕು.

ನಿವೃತ್ತ ಟೀಚರ್:

ಹೌದು. ನನಗೆ ಡೇರೆಯಲ್ಲಿ ಬೇಕಾಗಿದ್ದದ್ದೂ ಅದೇ. ಒಪ್ಪಿದೆ.

ಫಿಲಡೆಲ್ಫಿಯಾ ಸೊಸೆ:

ಐದು ವಾರದ ನಂತರ ಬರೆಯುತ್ತಿದ್ದೇನೆ. ಮುಗಿಯಿತು.

1886ರಲ್ಲಿ ಊರಿಗೆ ಹೊರಡುವ ಮುಂಚಿನ ದಿನಗಳನ್ನು ಆರಿಸಿಕೊಂಡೆ. ಕೊಲ್ಹಾಪುರದ ಆಲ್ಬರ್ಟ್ ಎಡ್ವರ್ಡ್ ಆಸ್ಪತ್ರೆಯ ಹೆಂಗಸರ ವಾರ್ಡು ನೋಡಿಕೊಳ್ಳುವ ಕೆಲಸ ಸಿಕ್ಕಿದೆ, ಮೈಯಲ್ಲಿ ಮಾತ್ರ ಶಕ್ತಿ ಇಲ್ಲ. ಕುರ್ಚಿಯಲ್ಲಿ ಕೂತೇ ಮಾತಾಡಿದೆ. ಮೊದಲ ಹತ್ತು ನಿಮಿಷ ಕೈ ನಡುಗಿತು, ಅದು ಕಾಯಿಲೆಯವಳ ನಡುಕ ಅಂತ ಮಕ್ಕಳು ಅಂದುಕೊಂಡರಂತೆ.

ಗಂಡನ ಪ್ರಶ್ನೆ ಬಂತು. ಪತ್ರದ ಮಾತು ಹೇಳಿದೆ. ಕಾವೇರಿ ಹೇಳಿದ್ದನ್ನು ಕೊನೆಯ ಭಾಗದಲ್ಲಿ ಹೇಳಿದೆ, ಸುತ್ತಿಬಳಸದೆ. ನಾನು ತಯಾರಾಗದೆ ಇದ್ದದ್ದು ಇನ್ನೊಂದು ಪ್ರಶ್ನೆಗೆ. ಮುಂದಿನ ಸಾಲಿನ ಹುಡುಗನೊಬ್ಬ, ‘ಇನ್ನು ಹತ್ತು ವರ್ಷಕ್ಕೆ ನೀವು ಏನು ಮಾಡುತ್ತಿರುತ್ತೀರಿ?’ ಅಂದ. ಉತ್ತರ ನನಗೆ ಗೊತ್ತು. 1887ರ ಫೆಬ್ರವರಿ 26. ಇಪ್ಪತ್ತೆರಡು ತುಂಬಿರಲಿಲ್ಲ. ಕುರ್ಚಿಯಲ್ಲಿ ಕೂತವಳಿಗೆ ಅದು ಗೊತ್ತಿಲ್ಲ. ಗಂಟಲು ಕಟ್ಟಿತು. ‘ನಮ್ಮ ಕಡೆಯ ಹುಡುಗಿಯರಿಗೆ ವೈದ್ಯ ಕಲಿಸುತ್ತಿರುತ್ತೇನೆ, ನೀನು ಬಂದು ನೋಡು’ ಅಂದೆ. ಕಲಿಸುವ ಆಸೆ ಇತ್ತು ಅನ್ನುವುದಕ್ಕೆ ಆಧಾರ ಇದೆ. ‘ಬಂದು ನೋಡು’ ನಾನು ಸೇರಿಸಿದ್ದು, ಅದನ್ನು ಆಮೇಲೆ ಒಪ್ಪಿಕೊಂಡೆ.

ಗುರುತಿಗೆ ಅಂತ ಕೈಗಡಿಯಾರ ಮೇಜಿನ ಮೇಲೆ ಮುಚ್ಚಿಟ್ಟಿದ್ದೆ. ಎದ್ದು ನಿಂತು, ಎಲ್ಲರೂ ನೋಡುತ್ತಿರುವಾಗ ಅದನ್ನು ಕಟ್ಟಿಕೊಂಡೆ. ಆಮೇಲೆ ಆನಂದಿಬಾಯಿ ತೀರಿಕೊಂಡದ್ದನ್ನೂ, ಅವರ ಅಸ್ಥಿ ಇದೇ ದೇಶದ ಪೂಕೀಪ್ಸಿಯಲ್ಲಿ, ಅವರನ್ನು ಮನೆಮಗಳಂತೆ ನೋಡಿಕೊಂಡ ಕಾರ್ಪೆಂಟರ್ ಕುಟುಂಬದ ಜಾಗದಲ್ಲಿ ಇರುವುದನ್ನೂ ಹೇಳಿದೆ. ಆ ಹುಡುಗ ಮತ್ತೆ ಕೈ ಎತ್ತಿ, ‘ಹಾಗಾದರೆ ಆಗ ನೀವು ಸುಳ್ಳು ಹೇಳಿದಿರಾ?’ ಅಂದ.

‘ಇಲ್ಲ. ಅವರಿಗೆ ಗೊತ್ತಿರಲಿಲ್ಲ’ ಅಂದೆ. ಅವನು ತುಂಬ ಹೊತ್ತು ನನ್ನ ಗಡಿಯಾರ ನೋಡುತ್ತ ಕೂತಿದ್ದ.

ನಿವೃತ್ತ ಟೀಚರ್:

ಪೂಕೀಪ್ಸಿ ಇಲ್ಲಿಂದ ಕಾರಿನಲ್ಲಿ ಎರಡು ಗಂಟೆ ದಾರಿ ಅಂತ ಮಗ ಹೇಳಿದ. ಭಾನುವಾರ ಹೋಗಿ ಬರುತ್ತೇನೆ. ನಿನಗೂ ಬರಲಾಗುವುದಾದರೆ ಹೇಳು ಮಗಳೇ.